ಫ್ಲಾಪ್ ಶೋ ಥರದ್ದು ಕನ್ನಡದಲ್ಲಿ ಯಾಕೆ ಬರಲಿಲ್ಲ?

ಹಳೇ ಆಂಟೆನಾ

ಭಾನುವಾರ ಮಧ್ಯಾಹ್ನ ಸುಮ್ನೆ ಯೂಟ್ಯೂಬ್ ನೋಡ್ತಾ ಕೂತಿದ್ದೆ. ಜಸ್ಪಾಲ್ ಭಟ್ಟಿಯ 'ಫ್ಲಾಪ್ ಶೋ' ಎದುರಾಯಿತು. 1989ರಲ್ಲಿ ದೂರದರ್ಶನದಲ್ಲಿ ಬಂದದ್ದು. ಇದ್ದದ್ದು ಹತ್ತೇ ಕಂತು. ನಾನಾಗ ಆರನೇ ಕ್ಲಾಸು. ಹಿಂದಿ ಅರ್ಧ ಅರ್ಥವಾಗುತ್ತಿತ್ತು, ಇನ್ನರ್ಧ ದೊಡ್ಡವರು ನಕ್ಕಾಗ ನಕ್ಕುಬಿಡುತ್ತಿದ್ದೆ.

ಮೆಡಿಕಲ್ ಬಿಲ್ಲಿನ ಕಂತು ಇವತ್ತಿಗೂ ನೆನಪಿದೆ. ಕಾಯಿಲೆ ಇರಲಿ ಬಿಡಲಿ, ಬಿಲ್ಲು ಮಾತ್ರ ಇರುವ ಜನರ ಕಥೆ. ನಮ್ಮಪ್ಪ ಸರ್ಕಾರಿ ನೌಕರರು. ಮೊದಲ ಐದು ನಿಮಿಷ ಕುರ್ಚಿಯಿಂದ ಬೀಳುವ ಹಾಗೆ ನಕ್ಕರು. ಆಮೇಲೆ ನಗು ನಿಂತಿತು. ಮೆಲ್ಲಗೆ ಎದ್ದು ಮಹಡಿಗೆ ಹೋಗಿ ಆಂಟೆನಾ ತಿರುಗಿಸತೊಡಗಿದರು. ಅಮ್ಮ ಕೆಳಗಿನಿಂದಲೇ ಕೂಗಿದಳು, "ಚೆನ್ನಾಗೇ ಬರ್ತಿತ್ತಲ್ರೀ, ಯಾಕೆ ತಿರುಗಿಸ್ತೀರಿ?"

ಈಗ ನೋಡಿದರೆ ಅದೇ ಆ ಕಾರ್ಯಕ್ರಮದ ತಾಕತ್ತು ಅನ್ನಿಸುತ್ತೆ. ಬೇರೆಯವರನ್ನು ನೋಡಿ ನಗೋಣ ಅಂತ ಕೂತವರು ತಮ್ಮನ್ನೇ ನೋಡಿಕೊಂಡು ಎದ್ದು ಹೋಗಬೇಕು. ಕನ್ನಡ ಟಿವಿಯಲ್ಲಿ ಕಾಮಿಡಿಗೆ ಬರವಿಲ್ಲ. ಆದರೆ ಸರ್ಕಾರಿ ಕಚೇರಿ, ಕ್ಯೂ, ಅರ್ಜಿ, ನಾಳೆ ಬನ್ನಿ, ಇದನ್ನೇ ಹಿಡಿದು ವಾರವಾರ ಕುಟುಕುವಂಥದ್ದು ಯಾಕೆ ಬರಲಿಲ್ಲ? ಬಂದು ನಾನು ನೋಡಿಲ್ಲದೆ ಇದ್ದರೆ ಹೇಳಿ.

ಮೂರನೇ ಬೆಂಚು

ಒಳ್ಳೇ ವಿಷಯ ತೆಗೆದ್ರಿ. 'ಫ್ಲಾಪ್ ಶೋ'ಗೂ ಮೊದಲು ಭಟ್ಟಿಯದ್ದು 'ಉಲ್ಟಾ ಪುಲ್ಟಾ' ಅಂತ ಬರುತ್ತಿತ್ತು. ಕೆಲವೇ ನಿಮಿಷದ ತುಣುಕು. ಬಂದ, ಚುಚ್ಚಿದ, ಹೋದ.

ಮನುಷ್ಯ ಓದಿದ್ದು ಎಲೆಕ್ಟ್ರಿಕಲ್ ಇಂಜಿನಿಯರಿಂಗ್. ಚಂಡೀಗಢದಲ್ಲಿ 'ನಾನ್‌ಸೆನ್ಸ್ ಕ್ಲಬ್' ಕಟ್ಟಿಕೊಂಡು ಬೀದಿ ನಾಟಕ ಆಡುತ್ತಿದ್ದ. 'ದಿ ಟ್ರಿಬ್ಯೂನ್' ಪತ್ರಿಕೆಗೆ ವ್ಯಂಗ್ಯಚಿತ್ರ ಬರೆಯುತ್ತಿದ್ದ. ಅದಕ್ಕೇ ಇರಬೇಕು, ಅವನ ಕಂತುಗಳು ಒಂದು ಚೌಕದ ಕಾರ್ಟೂನಿನ ಹಾಗೆ. ಒಂದೇ ವಿಷಯ, ಸುತ್ತು ಬಳಸು ಇಲ್ಲ. ಪ್ರತಿ ಕಂತೂ ಯಾರಿಗಾದರೂ ಅರ್ಪಣೆ. ಕೊನೆಗೆ ಹಳೇ ಸಿನಿಮಾ ಹಾಡಿನ ಧಾಟಿಗೆ ಅಣಕು ಹಾಡು. ಹೆಂಡತಿ ಸವಿತಾ ಭಟ್ಟಿ ತೆರೆಯ ಮೇಲೂ ಹೆಂಡತಿಯೇ.

ವಿಧಿಯ ವ್ಯಂಗ್ಯ ನೋಡಿ. 2012ರ ಅಕ್ಟೋಬರ್‌ನಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡಾಗ ಅವನು ಪ್ರಚಾರಕ್ಕೆ ಓಡಾಡುತ್ತಿದ್ದ ಸಿನಿಮಾದ ಹೆಸರು 'ಪವರ್ ಕಟ್'. ಮರುವರ್ಷ ಪದ್ಮಭೂಷಣ ಕೊಟ್ಟರು. ಪ್ರಶಸ್ತಿ ಕೂಡ ಸರ್ಕಾರಿ ಕೆಲಸದ ಹಾಗೆ ತಡವಾಗಿಯೇ ಬಂತು.

ಮಳೆಗಾಲ

ಮಾರಾಯ್ರೆ, ಕನ್ನಡದಲ್ಲಿ ಇರಲಿಲ್ಲ ಅಂತ ಯಾಕೆ ಹೇಳ್ತೀರಿ. ಟಿವಿಯಲ್ಲಿ ಇರಲಿಲ್ಲ ಅಂತ ಹೇಳಿ. ಮಾಸ್ಟರ್ ಹಿರಣ್ಣಯ್ಯನವರ 'ಲಂಚಾವತಾರ' ಮತ್ತೆ ಎಂತ? ನನ್ನ ಅಜ್ಜ ಮೂರು ಸಲ ನೋಡಿದ್ದರಂತೆ. ಮೂರು ಸಲವೂ ಬೇರೆ ಬೇರೆ ನಾಟಕ ನೋಡಿದ ಹಾಗಿತ್ತು ಅಂತ ಹೇಳ್ತಿದ್ದರು. ಬೆಳಿಗ್ಗೆ ಪೇಪರಿನಲ್ಲಿ ಬಂದದ್ದು ರಾತ್ರಿ ಡೈಲಾಗಿನಲ್ಲಿ ಬರ್ತಿತ್ತು. ಎದುರಿನ ಸಾಲಿನಲ್ಲಿ ದೊಡ್ಡ ಮನುಷ್ಯರು ಕೂತಿದ್ದರೆ ಅವರಿಗೂ ಎರಡು ಬೀಳ್ತಿತ್ತು.

ಟಿವಿಯಲ್ಲಿ ಅದು ಹೇಗೆ ಸಾಧ್ಯ? ಶೂಟ್ ಆಗಿ, ಎಡಿಟ್ ಆಗಿ, ಮೂರು ವಾರ ಬಿಟ್ಟು ಬರುವಾಗ ಬಿಸಿ ಆರಿಹೋಗಿರ್ತದೆ.

ಹಳೇ ಆಂಟೆನಾ

ಒಪ್ಪಿದೆ. ಆದರೆ ಬಿಸಿ ಆರಿಹೋಗುತ್ತೆ ಅನ್ನೋದನ್ನು ಪೂರ್ತಿ ಒಪ್ಪಲಾರೆ. ಮಂತ್ರಿಗಳ ಸುದ್ದಿ ಹಳಸುತ್ತೆ, 'ಸಾಹೇಬ್ರು ಮೀಟಿಂಗಲ್ಲಿದ್ದಾರೆ' ಅನ್ನೋದು ಹಳಸುತ್ತಾ? 'ಫ್ಲಾಪ್ ಶೋ'ನಲ್ಲಿ ಮೀಟಿಂಗ್ ಮೇಲೇ ಒಂದು ಕಂತಿದೆ. 1989ರದ್ದು. ನಿನ್ನೆ ನಮ್ಮ ಆಫೀಸಲ್ಲಿ ನಡೆದದ್ದು ಅನ್ನಿಸಿತು. ನಾನಿರೋದು ಸರ್ಕಾರಿ ಕಚೇರಿಯಲ್ಲೂ ಅಲ್ಲ!

ರಿಮೋಟ್ ಯಾರತ್ರ

ಇಲ್ಲಿ ಸ್ವಲ್ಪ ಒಳಗಿನ ಮಾತು ಹೇಳಬಹುದು. ಒಂದು ಚಾನೆಲ್‌ನ ಕಾಮಿಡಿ ಕಾರ್ಯಕ್ರಮಕ್ಕೆ ಎರಡು ವರ್ಷ ಸ್ಕಿಟ್ ಬರೆದಿದ್ದೇನೆ. ಯಾವ ಚಾನೆಲ್ ಅಂತ ಕೇಳಬೇಡಿ.

ಮೊದಲ ತಿಂಗಳೇ ಒಂದು ಸ್ಕಿಟ್ ಕೊಟ್ಟೆ. ರೇಷನ್ ಕಾರ್ಡಿನಲ್ಲಿ ತನ್ನ ಹೆಸರು ಸೇರಿಸಲು ಬಂದವನ ಕಥೆ. ಹೆಸರು ಸೇರಿಸಲು ವಿಳಾಸದ ದಾಖಲೆ ಕೇಳುತ್ತಾರೆ, ಅವನ ಹತ್ತಿರ ಇರುವ ಒಂದೇ ವಿಳಾಸದ ದಾಖಲೆ ಆ ಕಾರ್ಡೇ. ಓದಿದವರು ನಕ್ಕರು. ಆಮೇಲೆ ಮೂರು ಮಾತು ಹೇಳಿದರು. ಇಲಾಖೆ ಹೆಸರು ಬೇಡ. ಕಾಗದ ಇಟ್ಕೊಂಡು ಸ್ಟೇಜಲ್ಲಿ ಏನ್ ಮಾಡ್ತೀರಿ, ಕಾಗದ ಯಾರನ್ನೂ ನಗಿಸಲ್ಲ. ಆ ಗುಮಾಸ್ತನನ್ನು ಕುಡುಕ ಮಾಡಿ, ಹೆಂಡತಿ ಪೊರಕೆ ತಗೊಂಡು ಆಫೀಸಿಗೇ ಬರಲಿ.

ಬಂದಳು. ಹೆಂಡತಿ ವೇಷದಲ್ಲಿ ಗಂಡಸು. ಜನ ಬಿದ್ದು ಬಿದ್ದು ನಕ್ಕರು. ರೇಷನ್ ಕಾರ್ಡು ಎಲ್ಲಿ ಹೋಯಿತೋ ಗೊತ್ತಿಲ್ಲ.

ಇದರಲ್ಲಿ ಹೆದರಿಕೆಗಿಂತ ಅವಸರ ಜಾಸ್ತಿ. ಎಂಟು ನಿಮಿಷದ ಸ್ಕಿಟ್‌ನಲ್ಲಿ ಅರ್ಧ ನಿಮಿಷಕ್ಕೊಮ್ಮೆ ನಗು ಬೀಳಬೇಕು. ಕಚೇರಿಯ ಹಾಸ್ಯ ಹಾಗಲ್ಲ. ಅದು ಕ್ಯೂ ಥರ, ಮೆಲ್ಲಗೆ ಮುಂದೆ ಹೋಗುತ್ತೆ. ಕೊನೆಗೆ ಕೌಂಟರ್ ಮುಚ್ಚುತ್ತೆ, ಆಗ ನಗು. ಅಷ್ಟು ಹೊತ್ತು ಕಾಯಲು ಚಾನೆಲ್ ತಯಾರಿಲ್ಲ. ತಮಾಷೆ ಏನಂದ್ರೆ ಭಟ್ಟಿಗೆ ಅವಕಾಶ ಕೊಟ್ಟದ್ದು ಸರ್ಕಾರದ ಕೈಯಲ್ಲೇ ಇದ್ದ ದೂರದರ್ಶನ.

ಟಪಾಲು ಶಾಖೆ

ಕಾಗದ ನಗಿಸಲ್ಲ ಅಂದವರು ಯಾರು ಸ್ವಾಮಿ? ಮೂವತ್ತಮೂರು ವರ್ಷ ಕಾಗದದ ಜೊತೆಗೇ ಇದ್ದವನು ನಾನು. ಈಗ ನಿವೃತ್ತ. ಒಂದು ಕಡತದ ಕಥೆ ಹೇಳುತ್ತೇನೆ, ಸ್ಕಿಟ್ ಮಾಡಿಕೊಳ್ಳಿ, ಸಂಭಾವನೆ ಬೇಡ.

ನನ್ನ ಕುರ್ಚಿಯ ಒಂದು ಕಾಲು ಮುರಿಯಿತು. ಟಿಪ್ಪಣಿ ಹಾಳೆಯಲ್ಲಿ ಬರೆದೆ: "ಕುರ್ಚಿಯ ಒಂದು ಕಾಲು ಮುರಿದಿದ್ದು, ದುರಸ್ತಿಗೆ ಅನುಮತಿ ಕೋರಿ ಕಡತ ಮಂಡಿಸಿದೆ." ಸಾಹೇಬರು ಷರಾ ಬರೆದರು: "ಚರ್ಚಿಸಿ."

ಗೊತ್ತಿಲ್ಲದವರಿಗೆ ಹೇಳಬೇಕು. ಕಚೇರಿಯಲ್ಲಿ 'ಚರ್ಚಿಸಿ' ಅಂದರೆ ಬಂದು ಮಾತಾಡಿ ಅಂತ ಅರ್ಥ. ನಿಜವಾದ ಅರ್ಥ, ಇವತ್ತು ನನ್ನ ಮೇಜಿನ ಮೇಲೆ ಇದು ಬೇಡ ಅಂತ.

ಚರ್ಚಿಸಲು ಹೋದೆ, ಮೀಟಿಂಗ್. ಮರುದಿನ ಹೋದೆ, ಟೂರ್. ನಾಲ್ಕನೇ ದಿನ ಸಿಕ್ಕರು, "ಹೂಂ, ಪುಟಪ್ ಮಾಡಿ" ಅಂದರು. "ಚರ್ಚಿಸಿದಂತೆ ಮರುಮಂಡಿಸಿದೆ" ಅಂತ ಬರೆದು ಕಳಿಸಿದೆ. ಕಡತ ವಾಪಸ್ ಬಂತು. ಹಸಿರು ಇಂಕಿನಲ್ಲಿ ಷರಾ: "ಉಳಿದ ಮೂರು ಕಾಲುಗಳ ಸ್ಥಿತಿ ಏನು?" ನಾನು ಬರೆದೆ: "ಉಳಿದ ಮೂರು ಕಾಲುಗಳು ಸುಸ್ಥಿತಿಯಲ್ಲಿರುತ್ತವೆ." ಷರಾ: "ಹಾಗಿದ್ದಲ್ಲಿ ತುರ್ತು ಇಲ್ಲ. ಮುಂದಿನ ಸಾಲಿನಲ್ಲಿ ನೋಡುವುದು."

ಹಳೇ ಕಡತದ ಒಂದು ಕಟ್ಟನ್ನು ಮುರಿದ ಕಾಲಿನ ಕಡೆ ಇಟ್ಟುಕೊಂಡು ಕೂತೆ. ಎಂಟು ತಿಂಗಳು ಹಾಯಾಗಿತ್ತು. ಆಮೇಲೆ ಆಡಿಟ್‌ನವರು ಬಂದರು. ಯಾವುದೋ ಹಳೇ ಖರೀದಿಯ ಕಡತ ಕೇಳಿದರು. ಇಡೀ ಶಾಖೆ ಹುಡುಕಿತು. ನಾನು ಮಾತ್ರ ಕೂತಲ್ಲಿಂದ ಏಳಲಿಲ್ಲ. ಎದ್ದಿದ್ದರೆ ಸಿಕ್ಕಿಬಿಡುತ್ತಿತ್ತು.

ಮೂರನೇ ಬೆಂಚು

ಗುರುಗಳೇ, ಅಡ್ಡಬಿದ್ದೆ. "ಉಳಿದ ಮೂರು ಕಾಲುಗಳ ಸ್ಥಿತಿ ಏನು" ಅನ್ನೋದನ್ನ ಟೀ ಶರ್ಟ್ ಮೇಲೆ ಹಾಕಿಸ್ತೀನಿ.

ಇದು ಬ್ರಿಟನ್ನಿನ ಹಾಸ್ಯ ತಂಡ ಮಾಂಟಿ ಪೈಥಾನ್ ದರ್ಜೆಯದ್ದು. 1970ರಲ್ಲಿ ಬಿಬಿಸಿಯಲ್ಲಿ ಬಂದ ಅವರ ಒಂದು ಸ್ಕೆಚ್‌ನಲ್ಲಿ ವಿಚಿತ್ರ ನಡಿಗೆಗೆ ಅಂತಲೇ ಒಂದು ಸಚಿವಾಲಯ. ಜಾನ್ ಕ್ಲೀಸ್ ಕೋಟು, ಟೋಪಿ, ಬ್ರೀಫ್‌ಕೇಸ್ ಸಮೇತ ಕಾಲು ಎತ್ತಿ ಎತ್ತಿ ಹಾಕುತ್ತಾ ಆಫೀಸಿಗೆ ಬರುತ್ತಾನೆ. ತನ್ನ ನಡಿಗೆ ಅಭಿವೃದ್ಧಿ ಮಾಡಲು ಅನುದಾನ ಕೇಳಿಕೊಂಡು ಒಬ್ಬ ಬಂದಿರುತ್ತಾನೆ. ಇವನು ನಡೆಸಿ ನೋಡಿ, ಅಷ್ಟೇನೂ ವಿಚಿತ್ರವಾಗಿಲ್ಲವಲ್ಲ ಅನ್ನುತ್ತಾನೆ. ಆಮೇಲೆ ಗೋಳು: ರಕ್ಷಣೆ, ಆರೋಗ್ಯ, ವಸತಿಗೆಲ್ಲ ಎಷ್ಟೋ ನಮಗೂ ಅಷ್ಟೇ ಹಣ ಬರಬೇಕಿತ್ತು ಅಂತ. ಎಲ್ಲರೂ ನೆನಪಿಟ್ಟುಕೊಂಡದ್ದು ಆ ನಡಿಗೆಯನ್ನು. ನನಗೆ ಇಷ್ಟವಾದದ್ದು ಈ ಗೋಳು. ನಡಿಗೆ ವಿಚಿತ್ರ, ಕಚೇರಿ ಮಾತ್ರ ಅಪ್ಪಟ ಕಚೇರಿ.

ಮಳೆಗಾಲ

'ಲಿಟಲ್ ಬ್ರಿಟನ್' ನೋಡಿದ್ದೀರಾ? ಅದರಲ್ಲಿ ಒಬ್ಬಳು ಬ್ಯಾಂಕಿನ ಹೆಂಗಸು. ನೀವು ಏನೇ ಕೇಳಿ, ಕೀಬೋರ್ಡ್ ಮೇಲೆ ಟಕಟಕ ಬಡಿದು, ಮುಖದಲ್ಲಿ ಏನೂ ಇಲ್ಲದೆ, "ಕಂಪ್ಯೂಟರ್ ಇಲ್ಲ ಅಂತದೆ" ಅಂತ ಹೇಳ್ತಾಳೆ. ಮತ್ತೆ ಎದುರಿದ್ದವರ ಮೇಲೇ ಕೆಮ್ಮುತ್ತಾಳೆ. ನಮ್ಮಲ್ಲಿ 'ಸರ್ವರ್ ಡೌನ್' ಉಂಟಲ್ಲ, ಅದೇ. ಮೊದಲು ಸಾಹೇಬರು ಇಲ್ಲ ಅಂತ ಹೇಳಬೇಕಿತ್ತು, ಸಾಹೇಬರು ಎದುರಿಗೆ ಬಂದರೆ ಫಜೀತಿ. ಸರ್ವರ್ ಹಾಗೆ ಎದುರಿಗೆ ಬರೂದಿಲ್ಲ ನೋಡಿ.

ಗದ್ದೆ ಬದಿ

ಇಷ್ಟು ದಿನ ಓದಿಕೊಂಡು ಸುಮ್ನಿದ್ದೆ. ಈ ಚರ್ಚೆಗೆ ನನ್ನದೂ ಒಂದು.

ನಮ್ಮ ಅಜ್ಜನ ಹೆಸರು ತಿಮ್ಮಯ್ಯ. ಕೈಬರಹದ ಪಹಣಿ ಕಂಪ್ಯೂಟರಿಗೆ ಹೋದಾಗ ತಮ್ಮಯ್ಯ ಆಯಿತು. ಒಂದು ಗುಡಿಸು ಬಿದ್ದುಹೋಯಿತು, ಅಷ್ಟೇ. ಅಜ್ಜ ತೀರಿಕೊಂಡ ಮೇಲೆ ಪೌತಿ ಖಾತೆಗೆ, ಅಂದರೆ ಜಮೀನು ವಾರಸುದಾರರ ಹೆಸರಿಗೆ ಮಾಡಿಸಲು, ಅರ್ಜಿ ಹಾಕಿದೆವು. ಮರಣ ಪ್ರಮಾಣಪತ್ರದಲ್ಲಿ ತಿಮ್ಮಯ್ಯ. ಕೌಂಟರಿನವರು ತುಂಬಾ ಮರ್ಯಾದೆಯಿಂದಲೇ ಹೇಳಿದರು, "ತಿಮ್ಮಯ್ಯ ಸತ್ತಿದ್ದಾರೆ ಸರಿ. ಜಮೀನು ತಮ್ಮಯ್ಯನದು. ಅವರು ಎಲ್ಲಿದ್ದಾರೆ?"

ನಮ್ಮ ಚಿಕ್ಕಪ್ಪ ಸಿಟ್ಟಲ್ಲಿ, "ತಮ್ಮಯ್ಯ ಅನ್ನೋರು ಹುಟ್ಟೇ ಇಲ್ಲ" ಅಂದುಬಿಟ್ಟರು. "ಹಾಗಾದ್ರೆ ಅದನ್ನೇ ಬರೆದುಕೊಡಿ" ಅಂದರು. ಹುಟ್ಟದೇ ಇರುವವರಿಗೆ ಯಾರು ಸರ್ಟಿಫಿಕೇಟ್ ಕೊಡ್ತಾರೆ? ಅಫಿಡವಿಟ್, ವಂಶವೃಕ್ಷ, ಇಬ್ಬರೂ ಒಬ್ಬರೇ ಅಂತ ಊರಿನವರ ಹೇಳಿಕೆ, ಮಹಜರು. ಆ ಗುಡಿಸು ವಾಪಸ್ ಕೂರಲು ಹನ್ನೊಂದು ತಿಂಗಳು ಹಿಡಿಯಿತು. ಹೊಸ ಪಹಣಿ ಬಂದ ದಿನ ಅಜ್ಜಿ ಕೇಳಿದಳು, "ಏನಂತೆ, ಸಿಕ್ಕಿದರಂತಾ ಅವರು?"

ರಿಮೋಟ್ ಯಾರತ್ರ

ಅಜ್ಜಿ ಮಾತಿಗೆ ಕೈ ಮುಗಿದೆ. ಇದಕ್ಕಿಂತ ಒಳ್ಳೇ ಕೊನೇ ಸಾಲು ನಾನು ಎರಡು ವರ್ಷದಲ್ಲಿ ಬರೆದಿಲ್ಲ.

ನಿಜವೇ ಹೀಗಿರುವಾಗ ಸ್ಕಿಟ್ ಬರೆಯೋದು ಕಷ್ಟ ಕಣ್ರೀ. ಉತ್ತರ ಪ್ರದೇಶದ ಆಜಂಗಢ ಕಡೆಯ ಲಾಲ್ ಬಿಹಾರಿ ಅನ್ನುವವರು ದಾಖಲೆಯಲ್ಲಿ 1975ರಿಂದ 1994ರವರೆಗೆ ಸತ್ತಿದ್ದರು. ಬದುಕಿದ್ದೇನೆ ಅಂತ ತೋರಿಸಲು ಹೆಸರಿನ ಜೊತೆ 'ಮೃತಕ' ಅಂತ ಸೇರಿಸಿಕೊಂಡರು, ಮೃತರ ಸಂಘ ಕಟ್ಟಿದರು, ಚುನಾವಣೆಗೆ ನಿಂತರು. 2003ರಲ್ಲಿ ಇಗ್ ನೊಬೆಲ್ ಶಾಂತಿ ಪ್ರಶಸ್ತಿ, ಅಂದರೆ ನೊಬೆಲ್‌ನ ಅಣಕು ಪ್ರಶಸ್ತಿ, ಕೂಡ ಬಂತು. ನಾನು ಇದನ್ನೇ ಬರೆದುಕೊಟ್ಟಿದ್ದರೆ 'ಓವರ್ ಆಯ್ತು' ಅಂತ ಹೊಡೆದುಹಾಕುತ್ತಿದ್ದರು.

ಕೌಂಟರ್ ನಂಬರ್ 4

ಎಲ್ಲರೂ ಚೆನ್ನಾಗಿ ನಗ್ತಿದ್ದೀರಿ. ನಾನು ಆ ಕಡೆ ಕೂರುವವಳು. ಯಾವ ಕಚೇರಿ ಅಂತ ಹೇಳಲ್ಲ.

ನಮ್ಮಲ್ಲಿ ಐದು ಹುದ್ದೆ, ಇರೋದು ಇಬ್ಬರು. ಸರ್ವರ್ ಡೌನ್ ಅಂದರೆ ನಿಜಕ್ಕೂ ಡೌನ್ ಆಗಿರುತ್ತೆ, ನಾನು ಹೋಗಿ ಕಿತ್ತು ಹಾಕಿರಲ್ಲ. ಗದ್ದೆ ಬದಿ ಅವರೇ, ನಿಮ್ಮ ಅಜ್ಜನ ಗುಡಿಸು ಬೀಳಿಸಿದವರು ಯಾರೋ, ಅದನ್ನು ನಾನೇ ಹಾಕಿಕೊಡೋಣ ಅಂದರೆ ನನಗೆ ಅಧಿಕಾರವೇ ಇಲ್ಲ. ನಾಳೆ ಜಮೀನಿನ ಗಲಾಟೆ ಎದ್ದರೆ ನೋಟಿಸ್ ಬರೋದು ನನಗೇ.

ಇನ್ನು ನಿಮ್ಮ ಕಡೆಯವರನ್ನು ನೋಡೋಣ. ಹೊರಗೆ ಕಾರು ನಿಲ್ಲಿಸಿ ಒಳಗೆ ಬಂದು ಕಡಿಮೆ ಆದಾಯದ ಸರ್ಟಿಫಿಕೇಟ್ ಕೇಳ್ತಾರೆ. "ಸ್ವಲ್ಪ ನೋಡಿ ಮಾಡಿ ಕೊಡಿ ಮೇಡಂ" ಅಂತಾರೆ. ಕ್ಯೂನಲ್ಲಿ ಮೂವತ್ತು ಜನ ನಿಂತಿರುವಾಗ ಫೋನ್ ನನ್ನ ಕೈಗೆ ಕೊಟ್ಟು "ಸಾಹೇಬ್ರು ಲೈನಲ್ಲಿದ್ದಾರೆ, ಮಾತಾಡಿ" ಅಂತಾರೆ. ಆಗಲ್ಲ ಅಂದರೆ ಮೊಬೈಲ್ ತೆಗೆದು ವಿಡಿಯೋ ಮಾಡ್ತಾರೆ. ಅದು ಬೇಗ ವೈರಲ್ ಆಗುತ್ತೆ. ಕಾರಿನಲ್ಲಿ ಬಂದವನ ವಿಡಿಯೋ ಯಾರು ಮಾಡ್ತಾರೆ?

ಮೂರನೇ ಬೆಂಚು

ಮೇಡಂ, ನಿಮ್ಮ ಕಷ್ಟ ಒಪ್ಪೋಣ. ಆದರೆ ಜನಕ್ಕೆ ಇಲ್ಲದ ಅಧಿಕಾರ ನಿಮಗಿದೆ ಅಲ್ವಾ? ವ್ಯಂಗ್ಯ ಯಾವತ್ತೂ ಅಧಿಕಾರ ಇರುವವರ ಮೇಲೇ ಇರಬೇಕು. ಸರ್ಕಾರಿ ಕೆಲಸ ಇಂತಿಷ್ಟು ದಿನದೊಳಗೆ ಮಾಡಿಕೊಡಬೇಕು ಅನ್ನುವ ಸಕಾಲ ಕಾಯ್ದೆ ಮಾಡಿದ್ದೇ ಜನ ಕಾದು ಕಾದು ಸುಸ್ತಾಗಿದ್ದಕ್ಕೆ. ತಡವಾದರೆ ದಿನಕ್ಕೆ 20 ರೂಪಾಯಿ, ಹೆಚ್ಚೆಂದರೆ 500 ರೂಪಾಯಿ ಪರಿಹಾರ ಅಂತ ಬರೆದಿದೆ. ಅರ್ಜಿ ಹಾಕಿ ಅದನ್ನು ಪಡೆದವರನ್ನು ಹುಡುಕಿಕೊಂಡು ಹೋಗೋದೇ ಒಂದು ಕಂತಾಗುತ್ತೆ.

ಕೌಂಟರ್ ನಂಬರ್ 4

ನನಗಿರುವ ಅಧಿಕಾರ ಸೀಲ್ ಒತ್ತೋದು. ಇಂಕ್ ಪ್ಯಾಡು ನನ್ನ ದುಡ್ಡಿನದ್ದು.

ನಿರ್ವಾಹಕ

ಇಬ್ಬರೂ ಸ್ವಲ್ಪ ನಿಧಾನ. ಎರಡು ಉತ್ತರ ತೆಗೆದಿದ್ದೇನೆ. ಇಲಾಖೆ, ಅಧಿಕಾರಿಗಳ ಹೆಸರು ಹಾಕಬೇಡಿ. ಕಾರ್ಯಕ್ರಮದ ಬಗ್ಗೆ ಮಾತಾಡಿ.

ಹಳೇ ಆಂಟೆನಾ

ಕಾರ್ಯಕ್ರಮದ ಬಗ್ಗೆಯೇ ಹೇಳ್ತೀನಿ. ಮೇಡಂ ಹೇಳಿದ್ದು ಇಲ್ಲಿ ಸರಿಯಾಗಿ ಕೂರುತ್ತೆ.

ಹಿಂದಿಯ ಬೇರೆ ಮೂರು ಧಾರಾವಾಹಿ ನೋಡಿ. 1985ರಲ್ಲಿ 'ರಜನಿ' ಬಂತು, ಪ್ರಿಯಾ ತೆಂಡೂಲ್ಕರ್. ಗೃಹಿಣಿಯೊಬ್ಬಳು ಎದ್ದು ನಿಂತು ಜಗಳವಾಡಿ ವ್ಯವಸ್ಥೆ ಸರಿಮಾಡುತ್ತಾಳೆ. ನೋಡಿ ಖುಷಿಯಾಗುತ್ತಿತ್ತು, ಮರುದಿನ ಸಿಲಿಂಡರ್ ಮಾತ್ರ ಬರುತ್ತಿರಲಿಲ್ಲ. 1988ರಲ್ಲಿ ನಮ್ಮ ಮೈಸೂರಿನ ಆರ್. ಕೆ. ಲಕ್ಷ್ಮಣ್ ಅವರ ಪಾತ್ರಗಳನ್ನಿಟ್ಟುಕೊಂಡು 'ವಾಗ್ಲೆ ಕಿ ದುನಿಯಾ' ಬಂತು. ಪಾಪದ ಮನುಷ್ಯ, ಎಲ್ಲ ಸಹಿಸಿಕೊಂಡು ಹೋಗುತ್ತಾನೆ. 2001ರಲ್ಲಿ ಸಬ್ ಟಿವಿಯ 'ಆಫೀಸ್ ಆಫೀಸ್'ನಲ್ಲಿ ಪಂಕಜ್ ಕಪೂರ್ ಮಾಡಿದ ಮುಸದ್ದಿಲಾಲ್ ಕೂಡ ಅದೇ ಜಾತಿ. ಅದರಲ್ಲಿ ನನಗಿಷ್ಟ ಒಂದು ಉಪಾಯ. ಪ್ರತಿ ಕಂತಿಗೂ ಕಚೇರಿ ಬೇರೆ, ಒಳಗೆ ಕೂತ ಸಿಬ್ಬಂದಿ ಮಾತ್ರ ಅದೇ ನಟರು. ಬೋರ್ಡು ಬದಲಾಗುತ್ತೆ, ಮುಖ ಬದಲಾಗಲ್ಲ.

ಈ ಮೂರರಲ್ಲೂ ನೋಡುವವನು ಕೌಂಟರಿನ ಈಚೆಗೆ, ಸಂಭಾವಿತನಾಗಿ ನಿಂತಿರುತ್ತಾನೆ. ಭಟ್ಟಿ ಹಾಗೆ ನಿಲ್ಲಲು ಬಿಡಲಿಲ್ಲ. ಅವನ ಕಂತುಗಳಲ್ಲಿ ಸುಳ್ಳು ಬಿಲ್ಲು ಮಾಡುವವರು ನಮ್ಮ ನಿಮ್ಮಂಥವರು. ಪಿಎಚ್‌ಡಿ ಕಂತಿನಲ್ಲಿ ಗೈಡ್ ತನ್ನ ಮನೆಗೆಲಸವನ್ನೆಲ್ಲ ವಿದ್ಯಾರ್ಥಿಯ ತಲೆಗೆ ಕಟ್ಟುತ್ತಾನೆ. ವಿದ್ಯಾರ್ಥಿಯೂ ಡಿಗ್ರಿ ಆಸೆಗೆ ಮಾಡುತ್ತಾನೆ. ಯಾರೂ ಬಂದು ಸರಿಮಾಡಲ್ಲ. ಕೊನೆಗೆ ಒಂದು ಹಾಡು ಹಾಡಿ ಎಲ್ಲರೂ ಮನೆಗೆ. ಹಾಗಾಗಿ ಮೂರನೇ ಬೆಂಚು, ಅಧಿಕಾರ ಇರುವವರ ಮೇಲೆ ಅಂತ ನೀವು ಹೇಳಿದ್ದು ಅರ್ಧ. ಕಾರಿನಲ್ಲಿ ಬಂದವನೂ ಸ್ಕಿಟ್‌ನಲ್ಲಿ ಇರಬೇಕು. ಇಲ್ಲದಿದ್ದರೆ ನಮ್ಮಪ್ಪ ಆಂಟೆನಾ ತಿರುಗಿಸಲು ಹೋಗುತ್ತಿರಲಿಲ್ಲ.

ಮೂರನೇ ಬೆಂಚು

ಸರಿ, ಕಾರಿನವನನ್ನು ಸೇರಿಸಿಕೊಳ್ಳೋಣ. ಆದರೆ ಕಾರಿನವನ ಕೆಲಸ ಆಗುತ್ತೆ, ಗದ್ದೆ ಬದಿಯವರದ್ದು ಆಗಲ್ಲ. ಅದೂ ಸ್ಕಿಟ್‌ನಲ್ಲಿ ಬರಲಿ. ಮೇಡಂ, ಇಂಕ್ ಪ್ಯಾಡಿನ ವಿಷಯಕ್ಕೆ ಕ್ಷಮೆ ಇರಲಿ.

ರಿಮೋಟ್ ಯಾರತ್ರ

ಈಗ ನನಗೆ ಕೈ ತುರಿಸ್ತಿದೆ. ಟಿವಿ ಬೇಡ, ಫೋನಲ್ಲೇ ಶೂಟ್ ಮಾಡೋಣ. ಒಂದು ಮೇಜು, ಮೂರು ಕಾಲಿನ ಕುರ್ಚಿ, ಒಂದು ಕಿಟಕಿ. ಈಚೆ ತಿಮ್ಮಯ್ಯನ ಮೊಮ್ಮಗ, ಪಕ್ಕದಲ್ಲಿ ಕಾರಿನವನು. ಹಿಂದುಗಡೆ ಆಡಿಟ್. ಟಪಾಲು ಶಾಖೆ ಸರ್, ಒಂದೇ ಪ್ರಶ್ನೆ. ಕಡತ ಕೆಂಪು ದಾರದಲ್ಲಿ ಕಟ್ಟಿರಬೇಕಾ? ಸಿನಿಮಾದಲ್ಲೆಲ್ಲ ಹಾಗೇ ತೋರಿಸ್ತಾರೆ.

ಟಪಾಲು ಶಾಖೆ

ದಾರದ ಬಣ್ಣ ಯಾರೂ ನೋಡಲ್ಲ. ಮೂಲೆಯಲ್ಲಿ ತೂತು ಮಾಡಿ ಟ್ಯಾಗ್ ಹಾಕಿ, ಪುಟ ಸಂಖ್ಯೆ ಬರೆಯಿರಿ. ಒಂದು ಸಂಖ್ಯೆ ತಪ್ಪಿರಲಿ. ನೋಡಿದ ಕೂಡಲೇ ನೌಕರರಿಗೆಲ್ಲ ಇದು ನಿಜವಾದ ಕಡತ ಅಂತ ಗೊತ್ತಾಗುತ್ತೆ. ಕೌಂಟರಿನವರು ಕೂಗಾಡಬಾರದು. ನಿಜವಾಗಿ ಕೆಲಸ ಮಾಡದವರು ಬಹಳ ಮೃದುವಾಗಿ ಮಾತಾಡುತ್ತಾರೆ.

ಕೌಂಟರ್ ನಂಬರ್ 4

ಕೌಂಟರ್ ಪಾತ್ರ ನಾನೇ ಮಾಡ್ತೀನಿ. ಭಾನುವಾರ ಆದರೆ ಮಾತ್ರ. ಮುಖ ಕಾಣಬಾರದು, ಕೈ ಮತ್ತು ಸೀಲು ಸಾಕು.

ಗದ್ದೆ ಬದಿ

ಅಜ್ಜಿ ಪಾತ್ರಕ್ಕೆ ಅಜ್ಜಿಯೇ ರೆಡಿ. ಸೀರೆ ಯಾವುದು ಉಡಲಿ ಅಂತ ಈಗಲೇ ಕೇಳ್ತಿದ್ದಾಳೆ.

ಹಳೇ ಆಂಟೆನಾ

ನಿನ್ನೆ ರಾತ್ರಿ ಅಪ್ಪನಿಗೆ ಫೋನ್ ಮಾಡಿದ್ದೆ. ಎಂಬತ್ತೊಂದು ವರ್ಷ, ಕಿವಿ ಚುರುಕಾಗಿದೆ. ಧೈರ್ಯ ಮಾಡಿ ಕೇಳಿಯೇ ಬಿಟ್ಟೆ, "ಆವತ್ತು ಮೆಡಿಕಲ್ ಬಿಲ್ಲಿನ ಕಂತು ಬಂದಾಗ ಯಾಕಪ್ಪಾ ಮಹಡಿಗೆ ಹೋದದ್ದು?" ಸುಮಾರು ಹೊತ್ತು ಮಾತಿಲ್ಲ. ಆಮೇಲೆ ಅಂದರು, "ಒಂದು ಬಿಲ್ ಹಾಕಿದ್ದೆ ಕಣೋ. ನಿಮ್ಮಮ್ಮನಿಗೆ ಟೈಫಾಯ್ಡ್ ಅಂತ. ಅದು ಪಾಸೇ ಆಗಲಿಲ್ಲ. ಡಾಕ್ಟರ್ ಸಹಿ ಕೆಳಗೆ ಸೀಲ್ ಇಲ್ಲ ಅಂತ ಆಕ್ಷೇಪಣೆ ಹಾಕಿ ವಾಪಸ್ ಕಳಿಸಿದ್ರು. ಎಂಥಾ ಜನ!"

ಟಪಾಲು ಶಾಖೆ

ನಾನೂ ನಾಲ್ಕು ವರ್ಷ ಬಿಲ್ ಶಾಖೆಯಲ್ಲಿದ್ದೆ. ಸೀಲ್ ಇದ್ದರೆ ದಿನಾಂಕ ಇಲ್ಲ ಅಂತ ಬರೆಯುತ್ತಿದ್ದೆವು. ನಿಮ್ಮ ತಂದೆಯವರಿಗೆ ನಮಸ್ಕಾರ ತಿಳಿಸಿ.